ಉಪ್ಪು ಮಾತ್ರ ತರಲು ಹೇಳಿದ ಅಜ್ಜಿ

ಇದನ್ನು ಓದಿ ನೀವು ನನ್ನನ್ನು ಹುಚ್ಚಿ ಅಂದರೂ ಬೇಜಾರಿಲ್ಲ. ಗಂಡನೇ ಆಗಾಗ ಅನ್ನುತ್ತಿರುತ್ತಾರೆ, ಅಭ್ಯಾಸವಾಗಿದೆ. ಆದರೆ ಕಟ್ಟುಕತೆ ಅಂತ ಮಾತ್ರ ಅನ್ನಬೇಡಿ. ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಅಂತ ಗಾದೆ ಇದೆಯಲ್ಲ, ನನ್ನ ಹೊಟ್ಟೆಪಾಡೇ ಅದು. ನಾನು ತಿಂಡಿ ಫ್ಯಾಕ್ಟರಿಯಲ್ಲಿ ಕ್ವಾಲಿಟಿ ನೋಡುವವಳು. ಕಣ್ಣಿಂದ ಕಂಡದ್ದನ್ನೂ ಲ್ಯಾಬಿಗೆ ಕಳಿಸಿ, ರಿಪೋರ್ಟ್ ಬಂದ ಮೇಲೇ ನಂಬುವವಳು. ಇದನ್ನೂ ಲ್ಯಾಬಿಗೆ ಕಳಿಸಿದ್ದೆ.

ಇನ್ನೊಂದು ಮಾತು. ಊಟ ಮಾಡುತ್ತಾ ಇದನ್ನು ಓದಬೇಡಿ.

ಕೊರೊನಾದ ಎರಡನೇ ವರ್ಷ. ನಾವಿದ್ದದ್ದು ಮಲೇಷ್ಯಾದಲ್ಲಿ, ಪೆಟಾಲಿಂಗ್ ಜಯಾದ ಒಂದು ಹಳೇ ಫ್ಲಾಟಿನಲ್ಲಿ. ನಾಲ್ಕು ಮಹಡಿ, ಲಿಫ್ಟ್ ಇಲ್ಲ, ನಮ್ಮದು ಕೊನೇ ಮಹಡಿ. ನಾವು ಅಂದರೆ ನಾನು ಮತ್ತು ಆರು ವರ್ಷದ ಮಗಳು ಮೈತ್ರಿ, ಇಬ್ಬರೇ. ನನ್ನ ಗಂಡ ರವಿ ಎರಡು ವಾರಕ್ಕೆಂದು ತುಮಕೂರಿಗೆ ಹೋದವರು ಗಡಿ ಮುಚ್ಚಿದ್ದರಿಂದ ಅಲ್ಲೇ ಸಿಕ್ಕಿಹಾಕಿಕೊಂಡಿದ್ದರು. ದಿನಾ ರಾತ್ರಿ ವಿಡಿಯೋ ಕಾಲಿನಲ್ಲಿ "ಊಟ ಆಯ್ತಾ" ಅಂತ ಕೇಳುವುದೊಂದೇ ಅವರಿಂದ ಆಗುತ್ತಿದ್ದ ಸಂಸಾರ.

ನಮ್ಮ ಫ್ಯಾಕ್ಟರಿಯಲ್ಲಿ ಪರಾಟ, ಕರಿಪಫ್ ಮಾಡಿ ಫ್ರೀಜ್ ಮಾಡಿ ಕಳಿಸುತ್ತಾರೆ. ಊಟದ ಸಾಮಾನು ಆದ್ದರಿಂದ ಲಾಕ್‌ಡೌನಿನಲ್ಲೂ ಬೀಗ ಬೀಳಲಿಲ್ಲ. ಹಿಟ್ಟಿನಲ್ಲಿ ಕೂದಲು, ಎಣ್ಣೆಯಲ್ಲಿ ಕಮಟು, ಕೆಲಸದವರ ಉಗುರಿನಲ್ಲಿ ಕೊಳೆ ಹುಡುಕುವುದು ನನ್ನ ಕೆಲಸ. ಬೇರೆಯವರಿಗೆ ಅವರವರ ಬುದ್ಧಿಗೆ ಸಂಬಳ ಕೊಡುತ್ತಾರೆ, ನನಗೆ ನನ್ನ ಅಸಹ್ಯಕ್ಕೆ ಕೊಡುತ್ತಿದ್ದರು.

ಅಸಹ್ಯಪಡುವುದನ್ನು ಕಲಿಸಿದವಳು ನನ್ನ ಅಜ್ಜಿ. ಎಂಜಲು, ಮುಸುರೆ ಅಂದರೆ ಅವಳಿಗೆ ಪ್ರಾಣ ಹೋಗುತ್ತಿತ್ತು. ನೀರನ್ನು ತುಟಿಗೆ ತಾಗಿಸದೆ ಎತ್ತಿ ಕುಡಿಯಬೇಕು. ರುಚಿ ನೋಡಿದ ಸೌಟು ಮತ್ತೆ ಪಾತ್ರೆಗೆ ಹೋಗಬಾರದು. ನೈವೇದ್ಯಕ್ಕೆ ಮುಂಚೆ ಅಡುಗೆಯ ವಾಸನೆ ಕೂಡ ನೋಡಬಾರದು. ಬೇರೆಲ್ಲ ಬಿಟ್ಟೆ, ಇದನ್ನು ಬಿಡಲಾಗಲಿಲ್ಲ. ಮೈತ್ರಿ ಕಚ್ಚಿಟ್ಟ ಬಿಸ್ಕತ್ತನ್ನು ನಾನು ಒಂದು ದಿನವೂ ತಿಂದವಳಲ್ಲ. ಹೆತ್ತ ಮಗಳದಾದರೂ ಎಂಜಲು ನನಗೆ ಎಂಜಲೇ.

ಮೇ ತಿಂಗಳಲ್ಲಿ ನಮ್ಮಿಬ್ಬರಿಗೂ ಜ್ವರ ಬಂತು. ನನ್ನದು ಹೋಯಿತು. ಮೈತ್ರಿಯದೂ ಹೋಯಿತು, ಆದರೆ ಅವಳ ಮೂಗು ಕೆಟ್ಟಿತು. ಬಿಸಿ ಅನ್ನ ಇಟ್ಟರೆ "ಡೆಡ್ ರ‍್ಯಾಟ್ ಸ್ಮೆಲ್ ಅಮ್ಮಾ" ಅಂತ ಮುಖ ತಿರುಗಿಸುತ್ತಿದ್ದಳು. ಬೇಳೆಗೆ ಚರಂಡಿಯ ವಾಸನೆ, ಹಾಲಿಗೆ ಸುಟ್ಟ ಟಯರಿನ ವಾಸನೆ. ಹಿಡಿದು ತಿನ್ನಿಸಿದರೆ ಅಷ್ಟೂ ವಾಂತಿ. ಫೋನಿನಲ್ಲಿ ಡಾಕ್ಟರು, ಈ ಕಾಯಿಲೆಯಲ್ಲಿ ಹೀಗಾಗುತ್ತೆ, ತಾನಾಗಿ ಸರಿಹೋಗುತ್ತೆ ಅಂದರು. ಯಾವಾಗ ಅಂದರೆ ಗೊತ್ತಿಲ್ಲ ಅಂದರು. ಮೂರು ವಾರದಲ್ಲಿ ಅವಳ ಚಡ್ಡಿ ಸೊಂಟದಲ್ಲಿ ನಿಲ್ಲದ ಹಾಗಾಯಿತು. ಸ್ನಾನ ಮಾಡಿಸುವಾಗ ಬೆನ್ನುಮೂಳೆಯ ಮಣಿಗಳು ಕೈಗೆ ಸಿಗುತ್ತಿದ್ದವು.

ಅದರ ಮೇಲೆ ಇನ್ನೊಂದು ಕಷ್ಟ. ನನ್ನ ಪಾಳಿ ಮಧ್ಯಾಹ್ನ ಮೂರರಿಂದ ರಾತ್ರಿ ಹನ್ನೊಂದು. ಜ್ವರದ ರಜೆ ಮುಗಿದಿತ್ತು, ಸ್ಕೂಲಿಲ್ಲ, ಡೇ ಕೇರ್ ಇಲ್ಲ. ಕೆಲಸ ಬಿಟ್ಟರೆ ಪರ್ಮಿಟ್ ಹೋಗುತ್ತದೆ, ಪರ್ಮಿಟ್ ಹೋದರೆ ಮುಚ್ಚಿದ ಗಡಿಯ ಈಚೆ ನಾನೂ ಮಗಳೂ ಎಲ್ಲಿ ನಿಲ್ಲುವುದು?

ಆಗ ಎದುರು ಮನೆಯ ಬಾಗಿಲು ತೆರೆಯಿತು.

ಎದುರು ಮನೆಯಲ್ಲಿದ್ದವರು ಫುಮಿ-ಸಾನ್, ನಾವು ಹೆಸರಿಗೆ 'ಅವರೇ' ಸೇರಿಸುವ ಹಾಗೆ ಅವರಲ್ಲಿ 'ಸಾನ್'. ಜಪಾನಿನ ಹೆಂಗಸು, ಎಂಬತ್ತರ ಆಸುಪಾಸು. ಇಲ್ಲಿನ ಚೀನೀಯರೊಬ್ಬರನ್ನು ಮದುವೆಯಾಗಿ ಬಂದವರಂತೆ. ಗಂಡ ಹೋಗಿ ಎಷ್ಟೋ ವರ್ಷವಾಗಿದ್ದರೂ ವಾಪಸ್ ಹೋಗಿರಲಿಲ್ಲ. ಒಂದು ಸಂಜೆ ಮೈತ್ರಿ ಮೆಟ್ಟಿಲ ಹತ್ತಿರ ವಾಂತಿ ಮಾಡಿಕೊಂಡಾಗ ನಾನು ಬಕೆಟ್ಟು ತಂದು ತೊಳೆಯುತ್ತಿದ್ದೆ. ಅವರು ಕಬ್ಬಿಣದ ಜಾಲರಿ ಬಾಗಿಲ ಹಿಂದೆ ನಿಂತು ನೋಡಿ, ತಮ್ಮ ಅರೆಬರೆ ಇಂಗ್ಲಿಷಿನಲ್ಲಿ, "ಸುಜಾ-ಸಾನ್, ಮಗೂನ ನನ್ನ ಹತ್ರ ಬಿಡಿ. ನಾನು ಊಟ ಮಾಡಿಸ್ತೀನಿ" ಅಂದರು.

ನಾನು ಮನಸ್ಸಿಲ್ಲದ ಮನಸ್ಸಿನಿಂದ ಬಿಟ್ಟುಹೋದೆ. ರಾತ್ರಿ ಬಂದಾಗ ಮೈತ್ರಿ ಅವರ ಹಾಸಿಗೆಯಲ್ಲಿ ಮಲಗಿದ್ದಳು. ಹೊಟ್ಟೆ ಮುಟ್ಟಿ ನೋಡಿದೆ, ತುಂಬಿತ್ತು. "ತಿಂದಳು. ಎರಡು ಬೋಗುಣಿ" ಅಂತ ಫುಮಿ-ಸಾನ್ ಬಾಯಿಗೆ ಕೈ ಅಡ್ಡ ಹಿಡಿದು ನಕ್ಕರು. ಮಗುವನ್ನು ಹೆಗಲಿಗೆ ಹಾಕಿಕೊಂಡು ನನ್ನ ಬಾಗಿಲಿಗೆ ಬರುವಷ್ಟರಲ್ಲಿ ನನಗೆ ಅಳು ತಡೆಯಲಾಗಲಿಲ್ಲ.

ಅವರು ಯಾವಾಗಲೂ ಹಾಗೇ, ನಗುವಾಗ, ಮಾತಾಡುವಾಗ ಬಾಯಿಗೆ ಕೈ. ಜಪಾನಿನ ಹೆಂಗಸರ ನಾಚಿಕೆ ಅದು ಅಂದುಕೊಂಡಿದ್ದೆ. ಅವರ ಅಡುಗೆಮನೆಯಲ್ಲಿ ಎತ್ತರದ ಹಲಗೆಯ ಮೇಲೆ ಒಂದು ಪುಟ್ಟ ಮರದ ಗುಡಿ ಇತ್ತು. ಬಾಗಿಲು ಸದಾ ಮುಚ್ಚಿರುತ್ತಿತ್ತು. ಮುಂದೆ ಮೂರು ಬಿಳಿ ಬಟ್ಟಲು, ಒಂದರಲ್ಲಿ ಅಕ್ಕಿ, ಒಂದರಲ್ಲಿ ಉಪ್ಪು, ಒಂದರಲ್ಲಿ ನೀರು.

"ಯಾವ ದೇವರು?" ಅಂದೆ.

"ಊಟದ ದೇವಿ. ಉಕೆಮೊಚಿ."

ನಮ್ಮ ಅನ್ನಪೂರ್ಣೆಯ ಹಾಗೆ ಅಂದುಕೊಂಡು ಕೈಮುಗಿದೆ. ನೈವೇದ್ಯ ಇಡುವವರು ಮಡಿಯವರೇ ಇರುತ್ತಾರೆ ಅಂತ ನನಗೆ ನನ್ನದೇ ಸಮಾಧಾನ.

ಆಗ ಮನೆಗೊಬ್ಬರೇ ಸಾಮಾನಿಗೆ ಹೋಗಬಹುದಿತ್ತು, ಅದೂ ಹತ್ತು ಕಿಲೋಮೀಟರ್ ಒಳಗೆ. ಇಂಡಿಯಾದವರ ಅಂಗಡಿಗಳಿರುವ ಬ್ರಿಕ್‌ಫೀಲ್ಡ್ಸಿಗೆ ರಾಗಿಹಿಟ್ಟು ತರಲು ಹೋಗಿ ಪೊಲೀಸರ ತಡೆಯಿಂದ ವಾಪಸ್ ಬಂದಿದ್ದೆ. ಹತ್ತಿರದ ಅಂಗಡಿಗೆ ಹೊರಟಾಗಲೆಲ್ಲ ಫುಮಿ-ಸಾನ್‌ರನ್ನು ಕೇಳುತ್ತಿದ್ದೆ, ಏನು ತರಲಿ ಅಂತ.

"ಉಪ್ಪು" ಅನ್ನುತ್ತಿದ್ದರು. "ಉಪ್ಪು ಮಾತ್ರ ಸಾಕು."

ಉಪ್ಪಿಗಿಂತ ರುಚಿಯಿಲ್ಲ, ತಾಯಿಗಿಂತ ಬಂಧುವಿಲ್ಲ ಅನ್ನುವ ಗಾದೆಯನ್ನು ಒಂದು ಸಲ ಅವರಿಗೆ ಇಂಗ್ಲಿಷಿನಲ್ಲಿ ಬಿಡಿಸಿ ಹೇಳಿದ್ದೆ. ಅವರಿಗೆ ಬಹಳ ಹಿಡಿಸಿತು. ಎರಡೆರಡು ಸಲ ಹೇಳಿಸಿಕೊಂಡರು.

ಎರಡು ವಾರ ಕಳೆದ ಮೇಲೆ ನನ್ನೊಳಗಿನ ಇನ್‌ಸ್ಪೆಕ್ಟರ್ ಎದ್ದು ಕೂತಳು. ಈ ಮುದುಕಿ ಉಪ್ಪು ಮಾತ್ರ ತರಿಸುತ್ತಾರೆ, ಅಕ್ಕಿ ಎಲ್ಲಿಂದ ಬರುತ್ತದೆ? ಗ್ಯಾಸ್ ಲಾರಿ ಬಂದಾಗ ಎಲ್ಲರೂ ಖಾಲಿ ಸಿಲಿಂಡರ್ ಇಳಿಸುತ್ತಾರೆ, ಇವರು ಒಂದು ದಿನವೂ ಇಳಿಸಲಿಲ್ಲ. ಬಾಗಿಲ ಮುಂದೆ ಕಸದ ಚೀಲ ಇಟ್ಟದ್ದಿಲ್ಲ. ಮೀನು ತಿನ್ನಿಸಿದೆ ಅನ್ನುತ್ತಾರೆ, ಮೀನಿನ ಮುಳ್ಳೊಂದು ಕಂಡಿಲ್ಲ. ತರಕಾರಿ ಸಿಪ್ಪೆಯಿಲ್ಲದ ಅಡುಗೆಮನೆಯನ್ನು ನಾನು ಹದಿನಾಲ್ಕು ವರ್ಷದ ಕೆಲಸದಲ್ಲಿ ನೋಡಿಲ್ಲ.

ಕೇಳಲಿಲ್ಲ. ಮಗಳ ಕೆನ್ನೆಗೆ ಬಣ್ಣ ಬರುತ್ತಿತ್ತು, ಕೇಳಲು ಭಯವಾಯಿತು.

ಒಂದು ರಾತ್ರಿ ಮಲಗಿಸುವಾಗ ಮೈತ್ರಿ ಒಂದು ಕತೆ ಹೇಳಿದಳು. ಅವಳಿಗೆ ಕನ್ನಡ ಅರ್ಥವಾಗುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ. ಹಾಗಾಗಿ ನಾನು ನನ್ನ ಮಾತಿನಲ್ಲಿ ಬರೆಯುತ್ತಿದ್ದೇನೆ. ಊಟದ ದೇವಿ ಉಕೆಮೊಚಿಯ ಮನೆಗೆ ಚಂದ್ರದೇವರು ಊಟಕ್ಕೆ ಬಂದನಂತೆ. ಸೂರ್ಯದೇವಿಯೇ ಅವನನ್ನು ಕಳಿಸಿದ್ದಂತೆ. ಉಕೆಮೊಚಿ ನೆಲದ ಕಡೆ ತಿರುಗಿ ಬಾಯಿ ತೆರೆದಳು, ಅನ್ನ ಬಂತು. ಸಮುದ್ರದ ಕಡೆ ತಿರುಗಿದಳು, ಮೀನು ಬಂತು. ಕಾಡಿನ ಕಡೆ ತಿರುಗಿದಳು, ಮಾಂಸ ಬಂತು. ಎಲ್ಲವನ್ನೂ ಬಾಯಿಂದಲೇ ತೆಗೆದು ನೂರು ಮೇಜಿನ ಮೇಲೆ ಬಡಿಸಿದಳು.

"ಛೀ" ಅಂದೆ ನಾನು.

ಮೈತ್ರಿ ಕಿಲಕಿಲ ನಕ್ಕಳು. "ಮೂನ್ ಗಾಡ್ ಕೂಡ ಹಂಗೇ ಅಂದ, ಅಮ್ಮಾ. ಹಿ ಸೆಡ್ ಛೀ. ಆಮೇಲೆ ಕತ್ತಿ ತೆಗೆದು ಅವಳನ್ನ ಕೊಂದೇಬಿಟ್ಟ."

ದೇವಿಯ ಹೆಣದ ಹಣೆಯಿಂದ ನವಣೆ ಬೆಳೆಯಿತಂತೆ, ಕಣ್ಣಿಂದ ಸಾವೆ, ಹೊಟ್ಟೆಯಿಂದ ಭತ್ತ. ಸೂರ್ಯದೇವಿಗೆ ವಿಷಯ ಗೊತ್ತಾಗಿ, ಚಂದ್ರನಿಗೆ ಇನ್ನು ನಿನ್ನ ಮುಖ ನೋಡಲ್ಲ ಅಂದಳಂತೆ. ಅದಕ್ಕೇ ಅವಳು ಹಗಲು ಬರುತ್ತಾಳೆ, ಅವನು ರಾತ್ರಿ ಬರುತ್ತಾನೆ. ಕತೆ ಅಷ್ಟೇ. ಮಕ್ಕಳಿಗೆ ಎಂಥ ಗಲೀಜು ಕತೆ ಹೇಳುತ್ತಾರಪ್ಪ ಅಂತ ಬೈದುಕೊಂಡು ದೀಪ ಆರಿಸಿದೆ.

ಅದಾದ ಮೂರನೇ ದಿನ...

ಫ್ಯಾಕ್ಟರಿಯಲ್ಲಿ ಪ್ಯಾಕಿಂಗಿನವರೊಬ್ಬರಿಗೆ ಪಾಸಿಟಿವ್ ಬಂತು. ಎಂಟು ಗಂಟೆಗೇ ಎಲ್ಲರನ್ನೂ ಮನೆಗೆ ಅಟ್ಟಿದರು. ರಸ್ತೆಯಲ್ಲಿ ಒಂದು ನರಪಿಳ್ಳೆ ಇರಲಿಲ್ಲ. ಸಿಗ್ನಲ್ಲುಗಳು ಯಾರಿಗೂ ಅಲ್ಲದೆ ಕೆಂಪು ಹಸಿರು ಆಗುತ್ತಿದ್ದವು. ಸದಾ ಗದ್ದಲವಿರುವ ಮಾಮಕ್, ಅಂದರೆ ತಮಿಳು ಮುಸ್ಲಿಮರ ಹೋಟೆಲಿನ ಕುರ್ಚಿಗಳನ್ನು ಒಂದರ ಮೇಲೊಂದು ಹೇರಿ ಸರಪಳಿ ಬಿಗಿದಿದ್ದರು.

ಹೊರಗಿನಿಂದ ಬಂದವಳು ಮೊದಲು ನನ್ನ ಮನೆಗೆ ಹೋಗಿ, ಸ್ನಾನ ಮಾಡಿ, ಬಟ್ಟೆ ಬದಲಾಯಿಸಿ, ಆಮೇಲೇ ಮಗಳನ್ನು ಕರೆತರಬೇಕು. ಅದು ನಾನೇ ಮಾಡಿದ ನಿಯಮ. ಸ್ನಾನ ಮುಗಿಸಿ ನೀರು ಕುಡಿಯಲು ಅಡುಗೆಮನೆಗೆ ಹೋದೆ. ದೀಪ ಹಾಕಲಿಲ್ಲ. ಹಾಕಿದ್ದರೆ ಚೆನ್ನಾಗಿತ್ತು ಅಂತ ಈಗಲೂ ಅನ್ನಿಸುತ್ತದೆ.

ಇಲ್ಲಿನ ಹಳೇ ಫ್ಲಾಟುಗಳಲ್ಲಿ ಎರಡು ಅಡುಗೆಮನೆಗಳ ನಡುವೆ ಗಾಳಿ ಬೆಳಕಿಗೆ ಅಂತ ಮೇಲಿಂದ ಕೆಳತನಕ ಖಾಲಿ ಜಾಗ ಬಿಟ್ಟಿರುತ್ತಾರೆ, ಏರ್‌ವೆಲ್ ಅನ್ನುತ್ತಾರೆ. ನನ್ನ ಕಿಟಕಿಯ ಗಾಜಿನ ಪಟ್ಟಿಗಳ ಎದುರಿಗೆ ಫುಮಿ-ಸಾನ್‌ರ ಕಿಟಕಿ. ಅವರದು ಯಾವಾಗಲೂ ಮುಚ್ಚಿರುತ್ತಿತ್ತು. ಅವತ್ತು ಸೆಕೆಗೋ ಏನೋ ತೆರೆದಿತ್ತು, ಒಳಗೆ ದೀಪವಿತ್ತು.

ಅವರು ಗುಡಿಯ ಮುಂದೆ ನಿಂತಿದ್ದರು. ಗುಡಿಯ ಬಾಗಿಲು ತೆರೆದಿತ್ತು. ಒಲೆಯ ಮೇಲೆ ಏನೂ ಇಲ್ಲ, ಪಾತ್ರೆಗಳು ಕವುಚಿ ಒಣಗಿದ್ದವು. ಒಂದು ಬೋಗುಣಿಯನ್ನು ಎರಡೂ ಕೈಯಲ್ಲಿ ಎದೆಯ ಹತ್ತಿರ ಹಿಡಿದಿದ್ದರು. ಬೆರಳಲ್ಲಿ ಉಪ್ಪು ತೆಗೆದು ನಾಲಿಗೆಗೆ ಇಟ್ಟುಕೊಂಡರು.

ಅವರ ಕುತ್ತಿಗೆ ಉಬ್ಬಿತು...

ಉಬ್ಬು ಮೆಲ್ಲಗೆ ಮೇಲೇರಿತು. ದವಡೆ ಕೆಳಗಿಳಿಯಿತು, ಇನ್ನೂ ಇಳಿಯಿತು, ಮನುಷ್ಯರ ದವಡೆ ಅಷ್ಟು ಇಳಿಯುವುದಿಲ್ಲ. ಬಾಯಿಂದ ಅನ್ನ ಬಂತು. ಬಿಸಿ ಅನ್ನ, ಹಬೆಯಾಡುವ ಅನ್ನ, ತೊಪ್ ತೊಪ್ ಅಂತ ಬೋಗುಣಿಗೆ ಬಿತ್ತು. ಸಪ್ಪಳವೂ ಕೇಳಿಸುತ್ತಿತ್ತು, ಗಂಟಲಿನ ಗೊರ ಗೊರ, ನಡುವೆ ಒಂದು ಉಸಿರು. ಆಮೇಲೆ ಕೆಂಪು ಕಾಳು. ಆಮೇಲೆ ಬೆಂದ ಮೀನಿನ ತುಂಡು, ಲೋಳೆಯೊಂದಿಗೆ ಜಾರಿ ಬಂತು. ತುಟಿಗೆ ಅಂಟಿದ್ದ ಒಂದು ಅಗುಳನ್ನೂ ಅವರು ಬೆರಳಲ್ಲಿ ತೆಗೆದು ಬೋಗುಣಿಗೇ ಹಾಕಿದರು, ಒಂದೂ ಹಾಳಾಗಬಾರದು ಅನ್ನುವ ಹಾಗೆ.

ನಾನು ಸಿಂಕಿಗೆ ಬಾಗಿ ಹೊಟ್ಟೆಯಲ್ಲಿದ್ದದ್ದನ್ನೆಲ್ಲ ಕಾರಿದೆ. ನನ್ನ ಮಗಳು ಒಂದು ತಿಂಗಳಿಂದ ತಿಂದದ್ದು ಇದು. ನನಗೆ ಹೆದರಿಕೆಯಾಗಲಿಲ್ಲ, ನಂಬಿದರೆ ನಂಬಿ. ಹೇಸಿಗೆಯಾಯಿತು. ಮೈಮೇಲೆ ಯಾರೋ ಕಕ್ಕಿದ ಹಾಗೆ ಹೇಸಿಗೆಯಾಯಿತು.

ಓಡಿದೆ. ಅವರ ಜಾಲರಿ ಬಾಗಿಲಿಗೆ ಬೀಗವಿರಲಿಲ್ಲ. ಮೈತ್ರಿ ಗಿಡ್ಡ ಮೇಜಿನ ಮುಂದೆ ಕೂತು ಆಗಲೇ ಒಂದು ತುತ್ತು ಬಾಯಿಗೆ ಹಾಕಿದ್ದಳು. ಬೋಗುಣಿಗೆ ಹೊಡೆದೆ, ಗೋಡೆಗೆ ಹೋಗಿ ಬಿತ್ತು. ಅವಳ ಬಾಯೊಳಗೆ ಬೆರಳು ತುರುಕಿದೆ.

"ಉಗುಳು. ಎಲ್ಲಾ ಉಗುಳು ಅಂದೆ ಕಣೇ."

ಅವಳು ಕಿರುಚಿಕೊಂಡು ಕಕ್ಕಿದಳು. ಫುಮಿ-ಸಾನ್ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದರು. ಮೊದಲ ಸಲ ಬಾಯಿಗೆ ಕೈ ಅಡ್ಡ ಇರಲಿಲ್ಲ. ತುಟಿಗಳ ನಡುವಿನಿಂದ ತೆಳ್ಳಗೆ ಹಬೆ ಬರುತ್ತಿತ್ತು.

"ನೋಡಿಬಿಟ್ಟಿರಿ" ಅಂದರು. "ನೋಡಬಾರದಿತ್ತು, ಸುಜಾ-ಸಾನ್."

"ನಾಚಿಕೆ ಆಗಲ್ವಾ ನಿಮಗೆ? ನಾಯಿ ಕೂಡ ಹೀಗೆ ಮಾಡಲ್ಲ."

"ಗುಬ್ಬಿ ಮಾಡುತ್ತೆ" ಅಂದರು, ಮೆಲ್ಲಗೆ.

ನನ್ನ ಕೋಪ ಮೂಗಿನ ತುದಿಯಲ್ಲೇ ಇರುತ್ತದೆ, ಅವತ್ತು ನಾಲಿಗೆಗೂ ಇಳಿಯಿತು. ಏನೇನೋ ಅಂದೆ. ಎಲ್ಲ ನೆನಪಿಲ್ಲ. ಕೊನೆಯದು ನೆನಪಿದೆ. ನಿಮ್ಮಂಥವರು ಬದುಕಿರಬಾರದು ಅಂದೆ.

ಅವರು ಸೊಂಟ ಬಗ್ಗಿಸಿ ನಮಸ್ಕಾರ ಮಾಡಿದರು. ಆಮೇಲೆ ಬಾಗಿಲು ಮುಚ್ಚಿಕೊಂಡರು.

ಮನೆಗೆ ಬಂದು ಮೈತ್ರಿಯ ಬಾಯನ್ನು ಉಪ್ಪುನೀರಿನಲ್ಲಿ ಆರು ಸಲ ತೊಳೆಸಿದೆ. ಅವಳು ಅಳಲಿಲ್ಲ. ಹಾಸಿಗೆಯಲ್ಲಿ ಗೋಡೆ ಕಡೆ ತಿರುಗಿ ಮಲಗಿದಳು. ಹೆಗಲು ಹಿಡಿದು ತಿರುಗಿಸಲು ಹೋದರೆ ಕಣ್ಣು ಗಟ್ಟಿಯಾಗಿ ಮುಚ್ಚಿಕೊಂಡಳು.

"ಐ ಡೋಂಟ್ ವಾಂಟ್ ಟು ಸೀ ಯುವರ್ ಫೇಸ್" ಅಂದಳು.

ಆ ರಾತ್ರಿ ನನಗೆ ನಿದ್ದೆ ಹತ್ತಲಿಲ್ಲ. ಎರಡು ಗಂಟೆಯ ಹೊತ್ತಿಗೆ ಏರ್‌ವೆಲ್ ಕಡೆಯಿಂದ ಸಪ್ಪಳ ಶುರುವಾಯಿತು. ಸರ್... ಸರ್... ಮೂಟೆಯ ಬಾಯಿ ಬಿಚ್ಚಿ ಕಾಳು ಸುರಿದ ಹಾಗೆ. ನಿಲ್ಲುತ್ತಿತ್ತು, ಮತ್ತೆ ಸುರಿಯುತ್ತಿತ್ತು. ಜೊತೆಗೆ ವಾಸನೆ. ಕೊಯ್ಲು ಮುಗಿದ ಗದ್ದೆಯ ವಾಸನೆ, ಹಸಿ ಮಣ್ಣಿನ ವಾಸನೆ, ಅದರ ಅಡಿಯಲ್ಲಿ ಕೊಳೆತ ಹಣ್ಣಿನಂಥ ಸಿಹಿ ನಾತ. ಎದ್ದು ಹೋಗಿ ನೋಡಲಿಲ್ಲ. ನೋಡಿದ್ದು ಸಾಕಾಗಿತ್ತು.

ಬೆಳಿಗ್ಗೆ ನನ್ನ ನೈಟಿಯ ಅಂಚಿಗೆ ನಾಲ್ಕು ಅಗುಳು ಅಂಟಿದ್ದು ಕಂಡಿತು. ಚಿಮುಟದಲ್ಲಿ ತೆಗೆದು ಸ್ಯಾಂಪಲ್ ಚೀಲಕ್ಕೆ ಹಾಕಿದೆ. ಫ್ಯಾಕ್ಟರಿ ಮುಚ್ಚಿತ್ತು, ಲ್ಯಾಬಿನವರಿಗೆ ಮಾತ್ರ ಒಂದು ಗಂಟೆ ಬರಲು ಹೇಳಿದ್ದರು. ಮೈತ್ರಿಯನ್ನು ಗೇಟಿನ ರೂಮಿನಲ್ಲಿ ಕೂರಿಸಿ, ಸ್ಯಾಂಪಲ್ಲನ್ನು ತಟ್ಟೆಗೆ ಹಾಕಿ ಬೆಚ್ಚಗಿಟ್ಟು ಬಂದೆ. ಅನ್ನದಲ್ಲಿ ಕ್ರಿಮಿ ಇದ್ದರೆ ಎರಡು ದಿನದಲ್ಲಿ ತಟ್ಟೆಯ ಮೇಲೆ ಚುಕ್ಕೆ ಚುಕ್ಕೆಯಾಗಿ ಬೆಳೆಯುತ್ತವೆ. ಎಂಜಲಾದರೆ ಕೇಳಲೇಬೇಡಿ, ತಟ್ಟೆ ಪೂರ್ತಿ ತುಂಬುತ್ತದೆ. ಆ ತಟ್ಟೆ ಹಿಡಿದುಕೊಂಡು ದೂರು ಕೊಡಬೇಕು ಅಂತಿದ್ದೆ. ಹೋಲಿಸಿ ನೋಡಲು ನನ್ನ ತೊಳೆದ ಕೈಯ ನೀರನ್ನೂ ಇನ್ನೊಂದು ತಟ್ಟೆಗೆ ಹಾಕಿದ್ದೆ.

ಎರಡು ದಿನದ ಮೇಲೆ ಹೋಗಿ ನೋಡಿದೆ. ನನ್ನ ಕೈಯ ತಟ್ಟೆಯಲ್ಲಿ ಒಂಬತ್ತು ಚುಕ್ಕೆ ಇದ್ದವು. ಅವರ ಅನ್ನದ ತಟ್ಟೆಯಲ್ಲಿ ಒಂದೂ ಇರಲಿಲ್ಲ. ಹಾಗೆ ಇರಲು ಸಾಧ್ಯವಿಲ್ಲ. ನನ್ನ ಕೆಲಸದಲ್ಲಿ ಅಂಥ ತಟ್ಟೆ ನಾನು ಮುಂಚೆ ನೋಡಿಲ್ಲ, ಆಮೇಲೂ ನೋಡಿಲ್ಲ.

ಕ್ಷಮೆ ಕೇಳೋಣ ಅನ್ನಿಸಿತು, ಸುಳ್ಳು ಹೇಳುವುದಿಲ್ಲ. ಆದರೆ ಊಟ ಮುಗಿದ ಮೇಲೆ ಉಪ್ಪಿನಕಾಯಿ ಬಡಿಸಿ ಏನು ಪ್ರಯೋಜನ. ಮನೆಗೆ ಬಂದಾಗ ಕೆಳಗೆ ಒಂದು ವ್ಯಾನ್ ನಿಂತಿತ್ತು. ಮೈಯೆಲ್ಲ ಬಿಳಿ ಪ್ಲಾಸ್ಟಿಕ್ ತೊಟ್ಟ ಇಬ್ಬರು ಮೆಟ್ಟಿಲಿಳಿದು ಬರುತ್ತಿದ್ದರು, ನಡುವೆ ಜಿಪ್ ಹಾಕಿದ ಚೀಲ. ಗೋಡೆಗೆ ಅಂಟಿ ದಾರಿ ಬಿಟ್ಟೆ. ಮೈತ್ರಿಯ ಕಣ್ಣು ಮುಚ್ಚಿದೆ. ಜಿಪ್ಪಿನ ಮೂಲೆ ಸರಿಯಾಗಿ ಕೂಡಿರಲಿಲ್ಲ. ಅಲ್ಲಿಂದ ಒಂದೊಂದು ಮೆಟ್ಟಿಲಿಗೂ ಟಿಕ್ ಟಿಕ್ ಅಂತ ಏನೋ ಉದುರುತ್ತಿತ್ತು.

ಭತ್ತ. ಕೆಂಪು ಕಾಳು. ಸಣ್ಣ ಹಳದಿ ನವಣೆ.

ಎಷ್ಟು ಬಡಿದರೂ ತೆರೆಯದ್ದಕ್ಕೆ ಬಾಗಿಲು ಒಡೆಸಿದ್ದು ನಮ್ಮ ಫ್ಲಾಟಿನ ಕಾವಲುಗಾರ, ಮಲಯ್ ಮುದುಕ. ಎಲ್ಲರೂ ಅವರನ್ನು ಚಿಕ್ಕಪ್ಪ ಅನ್ನುವ ಅರ್ಥದಲ್ಲಿ ಪಾಕ್‌ಚಿಕ್ ಅನ್ನುತ್ತಿದ್ದೆವು. ಮೆಟ್ಟಿಲ ಮೇಲೆ ಕೂತು ನೀರು ಕುಡಿಯುತ್ತಿದ್ದರು.

"ಏನಾಗಿತ್ತು ಪಾಕ್‌ಚಿಕ್?"

"ಗೊತ್ತಿಲ್ಲ ಅಕ್ಕಾ. ಅಡುಗೆಮನೇಲಿ ಗೋಡೆಗೆ ಒರಗಿ ಕೂತೇ ಇದ್ರು. ನಾತ ಇರಲಿಲ್ಲ. ಆದ್ರೆ ಕಣ್ಣು..." ನೀರು ಕೆಳಗಿಟ್ಟು ದನಿ ತಗ್ಗಿಸಿ, "ನಾನು ಕೆಡಾದಲ್ಲಿ ಗದ್ದೆ ಮಾಡ್ತಿದ್ದವನು. ಎಳೇ ಸಸಿ ಹೇಗಿರುತ್ತೆ ಅಂತ ನನಗೆ ಯಾರೂ ಹೇಳಿಕೊಡಬೇಕಿಲ್ಲ" ಅಂದರು. ಮತ್ತೆ ಆ ಮಾತು ತೆಗೆಯಲಿಲ್ಲ. ಮುಂದಿನ ತಿಂಗಳು ಕೆಲಸ ಬಿಟ್ಟು ಊರಿಗೆ ಹೋದರಂತೆ.

ಮೆಟ್ಟಿಲ ಮೇಲಿನ ಕಾಳನ್ನು ಯಾರಾದರೂ ತುಳಿದಾರು ಅಂತ ನಾನೇ ಗುಡಿಸಿದೆ. ಕೈಗವಸು ಹಾಕಿ ಚೀಲಕ್ಕೆ ತುಂಬಿಟ್ಟೆ. ಬೆಳಿಗ್ಗೆ ನೋಡಿದರೆ ಚೀಲದೊಳಗೆ ಎಲ್ಲವೂ ಮೊಳಕೆ ಬಂದು, ಬಿಳಿ ಬೇರು ಒಂದಕ್ಕೊಂದು ಹೆಣೆದುಕೊಂಡು, ಒಳಗೆ ಹಬೆಗಟ್ಟಿತ್ತು. ಏರ್‌ವೆಲ್ಲಿಗೆ ಎಸೆದೆ.

ಇತ್ತ ಮೈತ್ರಿ ಊಟ ಬಿಟ್ಟಳು. ಪೂರ್ತಿ ಬಿಟ್ಟಳು. ನೀರು ಕುಡಿಯುತ್ತಿದ್ದಳು, ಅಷ್ಟೇ. ನನ್ನ ಕಡೆ ತಿರುಗಿಯೂ ನೋಡುತ್ತಿರಲಿಲ್ಲ. ನಾನು ಕೋಣೆಗೆ ಬಂದರೆ ಅವಳು ಗೋಡೆಗೆ ಮುಖ ಮಾಡುತ್ತಿದ್ದಳು. ಐದನೇ ದಿನ ಕ್ಲಿನಿಕ್ಕಿಗೆ ಎತ್ತಿಕೊಂಡು ಹೋದೆ, ನಡೆಯುವ ಶಕ್ತಿ ಇರಲಿಲ್ಲ. ಡಾಕ್ಟರು ಅವಳ ಕೈಯ ಚರ್ಮ ಚಿವುಟಿ ನೋಡಿ, ಇವತ್ತು ರಾತ್ರಿಯೂ ಏನೂ ಇಳಿಯದಿದ್ದರೆ ನಾಳೆ ಎಲ್ಲಾದರೂ ಬೆಡ್ ಹುಡುಕಿ ಅಂದರು. ಎಲ್ಲಿ ಸಿಗುತ್ತೆ ಅಂದೆ. ಆ ವಾರ ಎಲ್ಲಿಯೂ ಬೆಡ್ ಇರಲಿಲ್ಲ.

ಆ ರಾತ್ರಿ ರವಿ ಫೋನಿನಲ್ಲಿ ಅಳುತ್ತಿದ್ದರು. "ಏನಾದ್ರೂ ಮಾಡು ಸುಜಿ. ಏನಾದ್ರೂ ತಿನ್ಸು."

ಅನ್ನ ಮಾಡಿದೆ. ಹೆಸರುಬೇಳೆ ಮಾಡಿದೆ. ಬಾಯಿಯ ಹತ್ತಿರ ಒಯ್ದ ಕೂಡಲೇ ಅವಳು ಒಣ ಓಕರಿಕೆಯಲ್ಲಿ ಬಿಲ್ಲಿನಂತೆ ಬಾಗಿದಳು. ಎಲ್ಲವನ್ನೂ ಕಸಕ್ಕೆ ಸುರಿದು, ಸಿಂಕ್ ಹಿಡಿದುಕೊಂಡು ನಿಂತೆ. ನಾನೂ ಬೆಳಿಗ್ಗೆಯಿಂದ ಏನೂ ತಿಂದಿರಲಿಲ್ಲ. ಎದುರಿನ ಕಿಟಕಿ ಕತ್ತಲಾಗಿತ್ತು. ಹನ್ನೊಂದಾಗಿರಬೇಕು. ಹಲಗೆಯ ಮೇಲೆ ಉಪ್ಪಿನ ಪೊಟ್ಟಣ ಇತ್ತು, ಅವರಿಗೆಂದೇ ತಂದು ಕೊಡದೆ ಉಳಿದದ್ದು. ಯಾಕೆ ಅಂತ ಕೇಳಬೇಡಿ, ಒಂದು ಚಿಟಿಕೆ ತೆಗೆದು ನಾಲಿಗೆಗೆ ಇಟ್ಟುಕೊಂಡೆ.

ಮೊದಲು ಗಂಟಲು ಬೆಚ್ಚಗಾಯಿತು. ಆಮೇಲೆ ಏನೋ ಮೇಲಕ್ಕೆ ಬಂತು... ವಾಂತಿ ಅಂದುಕೊಂಡೆ. ಹುಳಿಯಿರಲಿಲ್ಲ, ಕಹಿಯಿರಲಿಲ್ಲ. ದವಡೆ ತಾನಾಗಿ ತೆರೆದುಕೊಂಡಿತು, ಕಿವಿಯ ಹತ್ತಿರ ಕಟಕ್ ಅಂದಿತು. ಬಾಯಿ ತುಂಬ ಬಿಸಿ ಅನ್ನ.

ಸಿಂಕಿಗೆ ಉಗುಳಿದೆ. ಬಾಯಿ ತೊಳೆದೆ. ಮತ್ತೆ ಬಂತು. ತುಪ್ಪದ ವಾಸನೆ. ಹೆಸರುಬೇಳೆ ಕಟ್ಟಿನ ಸಾರು, ಮೆಣಸು ಜೀರಿಗೆ ಹಾಕಿದ್ದು, ನನ್ನ ಅಜ್ಜಿ ಮಾಡುತ್ತಿದ್ದ ಹಾಗೆ. ನನ್ನ ಉಗುಳಿನಲ್ಲಿ ಹೊಳೆಯುತ್ತಾ ಸಿಂಕಿನ ಜಾಲರಿಯ ಮೇಲೆ ಬಿದ್ದಿತ್ತು. ನನ್ನ ಮೈಯೇ ನನಗೆ ಹೊಲಸೆನಿಸಿತು. ಚಾಕು ತೆಗೆದು ಗಂಟಲನ್ನೇ ಕೆರೆದುಬಿಡೋಣ ಅನ್ನಿಸುವಷ್ಟು.

"ಅಮ್ಮಾ..."

ಬಾಗಿಲಾಚೆ ಮೈತ್ರಿ. ಗೋಡೆ ಹಿಡಿದುಕೊಂಡು ಬಂದಿದ್ದಳು.

"ವಾಟ್ಸ್ ದಟ್ ಸ್ಮೆಲ್, ಅಮ್ಮಾ? ಸ್ಮೆಲ್ಸ್ ನೈಸ್." ಆಮೇಲೆ ಕನ್ನಡದಲ್ಲಿ, ಅವಳು ಎಂದೂ ಆಡದ ಮಾತು ಆಡಿದಳು. "ಹಸಿವು."

ಮೂರನೇ ಸಲ ಗಂಟಲು ಉಬ್ಬುತ್ತಿತ್ತು. ನನ್ನ ಎಡಗಡೆ ಸಿಂಕ್, ಬಲಗಡೆ ಅವಳ ಸ್ಟೀಲ್ ಬಟ್ಟಲು. ಅಜ್ಜಿಯನ್ನು ನೆನೆದುಕೊಂಡೆ. ಅವಳಿದ್ದಿದ್ದರೆ ನನ್ನನ್ನು ಅಂಗಳದಿಂದಾಚೆ ನಿಲ್ಲಿಸುತ್ತಿದ್ದಳು.

"ಅಲ್ಲೇ ಇರು ಪುಟ್ಟಿ" ಅಂದೆ. "ಒಳಗೆ ಬರಬೇಡ. ನೋಡಬೇಡ."

ಕಾಲಲ್ಲಿ ಬಾಗಿಲು ನೂಕಿದೆ. ಬಟ್ಟಲು ಎತ್ತಿಕೊಂಡೆ.

ಅವಳು ಅಷ್ಟನ್ನೂ ತಿಂದಳು, ಬಟ್ಟಲು ನೆಕ್ಕಿದಳು. ನಾನು ಕಣ್ಣು ಬೇರೆ ಕಡೆ ಇಟ್ಟಿದ್ದೆ, ನೋಡಿದರೆ ಕಕ್ಕುತ್ತಿದ್ದೆ. ತಿಂದಾದ ಮೇಲೆ ಐದು ದಿನದಲ್ಲಿ ಮೊದಲ ಸಲ ತಲೆಯೆತ್ತಿ ನನ್ನ ಮುಖ ನೋಡಿದಳು. ತೊಡೆಯ ಮೇಲೆ ತಲೆಯಿಟ್ಟು ಮಲಗಿದಳು.

ಕೆಲವು ತಿಂಗಳಿಗೆ ಅವಳ ಮೂಗು ಸರಿಹೋಯಿತು, ಡಾಕ್ಟರು ಹೇಳಿದ ಹಾಗೇ. ಈಗ ಎಲ್ಲ ತಿನ್ನುತ್ತಾಳೆ, ಮಾಮಕ್ಕಿನಿಂದ ರೊಟಿ ಚನೈ ಅನ್ನುವ ಪರಾಟ ಕಟ್ಟಿಸಿಕೊಂಡು ಬರುತ್ತಾಳೆ. ನನ್ನದೂ ನಿಲ್ಲುತ್ತದೆ ಅಂದುಕೊಂಡಿದ್ದೆ. ನಿಂತಿಲ್ಲ. ಹೊತ್ತಿಗೆ ಸರಿಯಾಗಿ ಬರುತ್ತದೆ. ತಡೆದರೆ ಎದೆ ಒಡೆಯುವ ಹಾಗೆ ನೋಯುತ್ತದೆ, ಸಿಂಕಿಗೆ ಸುರಿದರೆ ಮೈತ್ರಿಗೆ ಆ ರಾತ್ರಿ ಜ್ವರ ಬರುತ್ತದೆ. ಎರಡು ಸಲ ಪರೀಕ್ಷೆ ಮಾಡಿ ನೋಡಿದ್ದೇನೆ, ಮೂರನೇ ಸಲಕ್ಕೆ ಧೈರ್ಯವಿಲ್ಲ.

ನಾನು ಅದನ್ನು ಇವತ್ತಿಗೂ ಒಂದು ಅಗುಳು ತಿಂದಿಲ್ಲ. ಫ್ಯಾಕ್ಟರಿ ಕ್ಯಾಂಟೀನಿನಲ್ಲಿ ತಿನ್ನುತ್ತೇನೆ. ಅಸಹ್ಯ ಒಂದಿಷ್ಟೂ ಕಮ್ಮಿಯಾಗಿಲ್ಲ, ಪ್ರತಿ ಸಲವೂ ಬಾಯಿ ಏಳು ಸಲ ತೊಳೆಯುತ್ತೇನೆ. ಏರ್‌ವೆಲ್ಲಿನ ತಳದಲ್ಲಿ, ಬಿಸಿಲು ಬೀಳದ ಸಿಮೆಂಟಿನ ಮೇಲೆ, ಏನೋ ಹಸಿರಾಗಿ ಎದ್ದಿದೆ. ನಾನು ಕಿಟಕಿಗೆ ಪೇಪರ್ ಅಂಟಿಸಿದ್ದೇನೆ. ಎದುರು ಮನೆಗೆ ಬಾಡಿಗೆಗೆ ಬಂದವರಿದ್ದಾರೆ.

ಗಡಿ ತೆರೆದ ಮೇಲೆ ರವಿ ಬಂದರು. ನನಗಿಂತ ಸೂಕ್ಷ್ಮದ ಹೊಟ್ಟೆ ಅವರದು, ತಟ್ಟೆಯಲ್ಲಿ ಒಂದು ಕೂದಲು ಸಿಕ್ಕರೆ ಎದ್ದು ಹೋಗುವವರು. ಆದರೆ ಬಂದಾಗಿನಿಂದ ನನ್ನ ಅಡುಗೆ ಹೊಗಳುವುದೇ ಹೊಗಳುವುದು, ನಿನ್ನ ಕೈರುಚಿ ಎಷ್ಟು ಬದಲಾಗಿದೆ ಸುಜಿ ಅಂತ. ಸಾಮಾನಿನ ಪಟ್ಟಿಯಲ್ಲಿ ಉಪ್ಪೇ ಯಾಕಿಷ್ಟು ಅಂತ ಒಂದು ಸಲ ಕೇಳಿದ್ದರು, ಏನೋ ಹೇಳಿ ಹಾರಿಸಿದೆ.

ಮೊನ್ನೆ ಕೆಳಗೆ ಗ್ಯಾಸ್ ಲಾರಿಯ ಹಾರ್ನ್ ಕೇಳಿ ಅವರೇ ಎದ್ದರು. ಅಡುಗೆಮನೆಗೆ ಹೋಗಿ ಸಿಲಿಂಡರ್ ಅಲ್ಲಾಡಿಸಿ ನೋಡಿದರು. ಇನ್ನೂ ಭಾರವಾಗೇ ಇತ್ತು.

"ಸುಜಿ, ನಾನು ಬಂದು ಎರಡು ವರ್ಷ ಆಯ್ತು" ಅಂದರು. "ಇದನ್ನ ಒಂದ್ಸಲನೂ ಬದಲಾಯಿಸಿಲ್ವಲ್ಲ?"

ನಾನು ಬಾಯಿಗೆ ಕೈ ಅಡ್ಡ ಹಿಡಿದು ನಕ್ಕುಬಿಟ್ಟೆ. ಅವರು ನಗಲಿಲ್ಲ.

ಇವತ್ತು ಬೇಗ ಬಂದಿದ್ದಾರೆ. ಹೊರಗೆ ಮೇಜಿನ ಮುಂದೆ ಕೂತು, ಹಸಿವಾಗ್ತಿದೆ ಬಡಿಸು ಅಂತ ಎರಡು ಸಲ ಕರೆದರು. ಗಂಟಲು ಬೆಚ್ಚಗಾಗುತ್ತಿದೆ. ಅಡುಗೆಮನೆಯ ಚಿಲಕ ಹೋದ ವಾರದಿಂದ ಸರಿಯಾಗಿ ಬೀಳುತ್ತಿಲ್ಲ.